ಸಾಯಬೇಕಿಲ್ಲದವನ ಕೆಂಪು ಲಕೋಟೆ

ಒಂಬತ್ತನೆಯ ಸಲ ಟಾಂಗ್ ಪಾಕ್‌ಹೋ ಸತ್ತ.

ಗೋಡೆಯ ಬಿಳಿ ಪರದೆಯ ಮೇಲೆ ಕತ್ತಿ ಬಲಗಡೆಯಿಂದ ಬಂತು. ಪಕ್ಕೆಲುಬಿನ ಕೆಳಗೆ ನುಗ್ಗಿ, ಬೆನ್ನ ಹಿಂದೆ ಅಂಗಿಯನ್ನು ಗುಡಾರದಂತೆ ಎತ್ತಿ ಹರಿದು ಹೊರಬಂತು. ಅವನ ಬಾಯಿ ತೆರೆಯಿತು. ಸದ್ದಿಲ್ಲ. ಈ ಸ್ಟುಡಿಯೋದಲ್ಲಿ ಚಿತ್ರ ತೆಗೆಯುವಾಗ ಧ್ವನಿ ಹಿಡಿಯುವುದಿಲ್ಲ. ಕೂಗು, ನರಳಾಟ, ಕತ್ತಿಯ ಖಣಖಣ ಎಲ್ಲವನ್ನೂ ಆಮೇಲೆ ಸೇರಿಸುತ್ತಾರೆ. ಹಾಗಾಗಿ ಟಾಂಗ್ ಮೂಕನಾಗಿಯೇ ಸಾಯುತ್ತಿದ್ದ, ಮತ್ತೆ ಮತ್ತೆ.

ಕತ್ತಿ ಹಿಡಿದ ಕೈ, ಪರದೆಯೆದುರು ಕೂತಿದ್ದ ಸುಕ್‌ಕಾಮ್‌ಳ ಅಣ್ಣ ವಿಂಗ್‌ಚಿಯದು.

“ಸಾಕಾ, ಇನ್ನೂ ನೋಡ್ಬೇಕಾ?” ಇನ್ಸ್‌ಪೆಕ್ಟರ್ ಮೋಕ್ ಹಾಲಿನ ಚಹಾದ ಲೋಟ ಕೆಳಗಿಟ್ಟ. “ಒಂಬತ್ತು ಸಲ ಆಯ್ತು. ಮಧ್ಯಾಹ್ನದ ಊಟ ಬೇರೆ ಆಗಿದೆ.”

ಮೊನ್ನೆ ಮದ್ಯದಂಗಡಿಯ ಸೆಟ್ಟಿನಲ್ಲಿ ಮೂರನೆಯ ಟೇಕ್ ತೆಗೆಯುವಾಗ, ತಗಡಿನ ಕತ್ತಿ ಇರಬೇಕಾದ ಕಡೆ ಉಕ್ಕಿನ ಕತ್ತಿ ಇತ್ತು. ಸಾಹಸ ನಿರ್ದೇಶಕ ಟಾಂಗ್ ಸತ್ತ, ವಿಂಗ್‌ಚಿ ಲಾಕಪ್ಪಿನಲ್ಲಿದ್ದಾನೆ. ಇವತ್ತು ನಾಲ್ಕು ಗಂಟೆಗೆ ಅವನನ್ನು ಕೊಲೆಗಾರನೆಂದು ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸುತ್ತಾರೆ. ಈಗ ಗಂಟೆ ಎರಡು.

“ಇನ್ನೊಂದ್ಸಲ, ಮೋಕ್ ಸಾರ್,” ಎಂದಳು ಸುಕ್‌ಕಾಮ್. ಅವಳ ದನಿ ಅವಳಿಗೇ ಸರಿಯಾಗಿ ಕೇಳಿಸಲಿಲ್ಲ. “ಪರದೆ ಮೇಲೆ ಬೇಡ. ಸಂಕಲನದ ಮೇಜಿನ ಮೇಲೆ, ಕೈಯಿಂದ ತಿರುಗಿಸಿ ನೋಡೋಣ.”

ಹೊಡೆದಾಟ ತೆಗೆಯುವಾಗ ಕ್ಯಾಮೆರಾವನ್ನು ನಿಧಾನಿಸುತ್ತಾರೆ; ತೆರೆಯ ಮೇಲೆ ಕೈಕಾಲು ಮಿಂಚಾಗುವುದು ಅದರಿಂದಲೇ. ಆ ಮಿಂಚಿನಲ್ಲಿ ಏನು ಕಳೆದುಹೋಗುತ್ತದೆ ಎಂಬುದು ಅವಳಿಗೆ ಗೊತ್ತು. ಇಪ್ಪತ್ತನಾಲ್ಕರ ಸುಕ್‌ಕಾಮ್‌ಳಿಗೆ ಈ ಸ್ಟುಡಿಯೋದಲ್ಲಿ ಇರುವುದು ಒಂದೇ ಕೆಲಸ. ಒಂದು ಟೇಕಿಗೂ ಇನ್ನೊಂದಕ್ಕೂ ಏನು ಬದಲಾಯಿತು ಎಂದು ಬರೆದಿಡಬೇಕು: ಯಾರ ಗುಂಡಿ ಬಿಚ್ಚಿದೆ, ಯಾವ ಬಟ್ಟಲಲ್ಲಿ ಎಷ್ಟು ಮದ್ಯ, ರಕ್ತ ಯಾವ ಕೆನ್ನೆಯಲ್ಲಿ.

ಅವಳು ಹಿಡಿಯನ್ನು ಮೆಲ್ಲಗೆ ತಿರುಗಿಸಿದಳು. ಕಿರು ಗಾಜಿನ ಹಿಂದೆ ಟಾಂಗ್ ಇಂಚಿಂಚಾಗಿ ಅಲುಗಾಡಿದ. ಕತ್ತಿ ಇನ್ನೂ ಒಂದು ಮೊಳ ದೂರವಿದ್ದಾಗಲೇ ಅವನ ಕಣ್ಣು ಅಲಗಿನ ಮೇಲೆ ಬಿತ್ತು. ಅಂಗೈ ಮೇಲೆದ್ದಿತು. ನಿಲ್ಲಿಸು ಎನ್ನಲು ಸಾಹಸದ ಹುಡುಗರು ಮಾಡುವ ಸನ್ನೆ ಅದು. ಅವನು ಗುರುತಿಸಿದ್ದ. ಆದರೆ ವಿಂಗ್‌ಚಿಯ ಎರಡೂ ಕಣ್ಣಿನ ತುಂಬ ನಕಲಿ ರಕ್ತ. ಅವನಿಗೆ ಎದುರಿನವನೇ ಕಾಣುತ್ತಿರಲಿಲ್ಲ. ಅಂಗಿಯೊಳಗೆ ಕಟ್ಟಿದ್ದ ಬಿದಿರಿನ ಪಟ್ಟಿಗೆ ತಾಗಿ ಬಾಗಬೇಕಿದ್ದ ಅಲಗು, ಬಿದಿರನ್ನು ಸೀಳಿ ಒಳಗೆ ಹೋಯಿತು.

“ತಗಡಿಗೂ ಉಕ್ಕಿಗೂ ತೂಕ ತಿಳಿಯಲ್ವಾ ನಿನ್ನಣ್ಣಂಗೆ?” ಎಂದ ಮೋಕ್. “ಹತ್ತು ವರ್ಷ ಕತ್ತಿ ಆಡಿಸಿದೋನು.”

“ಬೇರೆ ಕಡೆ ಆಗಿದ್ರೆ ತಿಳೀತಿತ್ತು ಸಾರ್. ನಮ್ಮ ನಿರ್ದೇಶಕರು, ಕ್ವಾನ್ ಗುರುಗಳ ಸೆಟ್ಟಲ್ಲಿ ತಗಡಿನ ಕತ್ತಿಯ ಹಿಡಿಯೊಳಗೆ ಸೀಸ ತುಂಬ್ತಾರೆ. ಹಗುರ ಕತ್ತಿ ತೆರೆ ಮೇಲೂ ಹಗುರಾಗೇ ಕಾಣುತ್ತೆ ಅಂತ ಅವರ ಹಟ. ತೂಕದಲ್ಲಿ ವ್ಯತ್ಯಾಸವೇ ಇರಲ್ಲ.”

ಮೋಕ್ ಹುಬ್ಬೇರಿಸಿದ. ಅವಳು ಫಿಲ್ಮನ್ನು ಕೆಲವು ಚೌಕ ಹಿಂದಕ್ಕೆ ಸರಿಸಿ, ಬೆರಳಿಟ್ಟು ತೋರಿಸಿದಳು. ಟಾಂಗ್‌ನ ನಡುಪಟ್ಟಿಯ ಅಂಚಿನಲ್ಲಿ, ಉಗುರಿನಷ್ಟು ಕೆಂಪು.

“ರಕ್ತ,” ಎಂದ ಮೋಕ್.

“ಕತ್ತಿ ಇನ್ನೂ ತಾಗಿಲ್ಲ ಸಾರ್.”

ಅವನು ಬಗ್ಗಿದ. ಗಾಜಿಗೆ ಕಣ್ಣು ಹಚ್ಚಿ ನೋಡಿದ. ಕೊನೆಗೆ, “ಲಕೋಟೆ,” ಎಂದ. ಅವನೂ ಇದೇ ಊರಿನವನು, ಹೆಚ್ಚು ಹೇಳಬೇಕಾಗಲಿಲ್ಲ.

ಕ್ಯಾಮೆರಾದ ಎದುರು ಸಾಯುವವನ ಕೈಗೆ ಸಾಯುವ ಮೊದಲೇ ಕೆಂಪು ಲಕೋಟೆ ಇಡಬೇಕು. ಒಳಗಿನ ಚಿಲ್ಲರೆಯಲ್ಲಿ ಅವನು ಮನೆ ಸೇರುವ ಮುಂಚೆ ಏನಾದರೂ ಸಿಹಿ ತಿಂದುಬಿಡಬೇಕು. ಇಲ್ಲದಿದ್ದರೆ ಸುಳ್ಳು ಸಾವು ನಿಜದ ಸಾವಿಗೆ ಮನೆಯ ದಾರಿ ತೋರಿಸುತ್ತದೆ. ಕೊಡಬೇಕಾದವನು ಕೊಡದೆ ಬಿಟ್ಟರೆ, ಸತ್ತವನು ಅವನ ಬೆನ್ನು ಬಿಡುವುದಿಲ್ಲ.

“ಆದ್ರೆ ಆ ದೃಶ್ಯದಲ್ಲಿ ಟಾಂಗ್ ಸಾಯೋದೇ ಇಲ್ಲ.” ಸುಕ್‌ಕಾಮ್ ತನ್ನ ನೋಟ್‌ಬುಕ್ ತೆರೆದಳು. “ಗಾಯಗೊಂಡು ಕಿಟಕಿ ಹಾರಿ ಪಾರಾಗ್ತಾನೆ ಅಂತ ಗುರುಗಳು ಬರೆದಿದ್ರು. ಎರಡನೇ ಟೇಕಿನಲ್ಲಿ ನಡುಪಟ್ಟಿಯ ಗಂಟು ಬಲಕ್ಕಿದೆ. ಮೂರನೇದರಲ್ಲಿ ಎಡಕ್ಕೆ. ನಾನೇ ಬರ್ಕೊಂಡಿದೀನಿ. ನಡುವೆ ಯಾರೋ ಬಿಚ್ಚಿ ಮತ್ತೆ ಕಟ್ಟಿದಾರೆ, ಲಕೋಟೆ ಸಿಕ್ಕಿಸಿದಾರೆ. ಅವನು ಸಾಯ್ತಾನೆ ಅಂತ ಅವರಿಗೆ ಗೊತ್ತಿತ್ತು.”

“ಕಟ್ಟಿದ್ದು ಯಾರು?”

ಸುಕ್‌ಕಾಮ್ ತಲೆ ತಗ್ಗಿಸಿದಳು. ಗಂಟನ್ನು ನೋಡಿದ್ದಳು. ಗಂಟು ಹಾಕಿದ ಕೈಯನ್ನೂ ಕಂಡಂತಿತ್ತು. ಮುಖ ನೋಡಿರಲಿಲ್ಲ. ಚಿಕ್ಕಂದಿನಿಂದಲೂ ಅವಳು ಜನರ ಮುಖ ನೋಡುವವಳಲ್ಲ. ಆ ಸಂಕೋಚಕ್ಕೆ ಇಷ್ಟು ವರ್ಷ ಯಾರೂ ದಂಡ ಕೇಳಿರಲಿಲ್ಲ.

“ವಿಂಗ್‌ಚಿ ಅಣ್ಣ ಹೇಳಿದ್ನಲ್ಲ,” ಎಂದಳು. “ಯಾರೋ ಅವನ ಕಣ್ಣೊರೆಸಿ, ಹೊಸದಾಗಿ ನಕಲಿ ರಕ್ತ ಬಳಿದು, ಕತ್ತಿ ಕೈಗೆ ಕೊಟ್ರು. ಮುಖ ಕಾಣ್ಲಿಲ್ಲ, ಕೈ ಮೆತ್ತಗಿತ್ತು, ಮತ್ತೆ ಸೋಕಿದ್ರೆ ಗುರುತು ಹಿಡೀತೀನಿ ಅಂತ.”

“ಅವನು ಹೇಳ್ತಾನಮ್ಮ. ಲಾಕಪ್ಪಿನಲ್ಲಿರೋರೆಲ್ಲ ಏನಾದ್ರೂ ಹೇಳ್ತಾರೆ.” ಮೋಕ್ ಟೋಪಿ ಕೈಗೆತ್ತಿಕೊಂಡ. “ಹೆಣದ ಮೇಲೆ ಸಿಕ್ಕ ವಸ್ತುಗಳ ಪಟ್ಟಿ ನಾನೇ ಮಾಡಿಸಿದ್ದು. ಲಕೋಟೆ ಅದರಲ್ಲಿಲ್ಲ. ಉಗುರಿನಷ್ಟು ಕೆಂಪು ತೋರಿಸಿದ್ರೆ ಮ್ಯಾಜಿಸ್ಟ್ರೇಟ್ ನಗ್ತಾರೆ. ವಸ್ತು ತಂದುಕೊಡು, ನಿನ್ನಣ್ಣನ ಮೇಲಿನ ದೋಷಾರೋಪ ನಾನೇ ತಡೀತೀನಿ. ನಾಲ್ಕರವರೆಗೆ ಠಾಣೆಯಲ್ಲಿರ್ತೀನಿ.”

ಹೆಣವನ್ನು ಮುಟ್ಟಿದವರು ಯಾರು? ಅದಂತೂ ಅವಳಿಗೆ ಚೆನ್ನಾಗಿ ಗೊತ್ತಿತ್ತು. ಒಬ್ಬರೇ. ಟಾಂಗ್‌ನನ್ನು ತೊಡೆಯ ಮೇಲೆ ಹಾಕಿಕೊಂಡು, ಅಂಗಿಯೆಲ್ಲ ರಕ್ತವಾಗಿ, ಯಾರನ್ನೂ ಹತ್ತಿರ ಬಿಡದೆ ಕಾಲು ಗಂಟೆ ಕೂತವರು.

ನಿರ್ದೇಶಕ ಕ್ವಾನ್ ಸೆಕ್‌ಲಾಮ್.

*

ಕ್ವಾನ್ ಬೆಳಿಗ್ಗೆಯಿಂದ ಒಳಗೇ ಕೂತಿದ್ದ ಮದ್ಯದಂಗಡಿಯ ಸೆಟ್ಟಿನ ಬಾಗಿಲಲ್ಲಿ ಟಾಂಗ್‌ನ ಶಿಷ್ಯ ಲೋ ಕಿಟ್ ನಿಂತಿದ್ದ. ಕೋಣದಂಥ ಆಳು, ತೋಳಿಗೆ ಸೂತಕದ ಕಪ್ಪು ಪಟ್ಟಿ, ಕೈಯಲ್ಲಿ ಕಬ್ಬಿಣದ ಕೊಕ್ಕೆ ಕಟ್ಟಿದ ಬಿದಿರಿನ ಕೋಲು.

“ಕೊಲೆಗಾರನ ತಂಗಿ ಬಂದ್ಳು,” ಎಂದ. “ಏನ್ ಬರ್ಕೊಳ್ಳೋಕೆ ಬಂದೆ? ನೆಲದ ಮೇಲೆ ನಮ್ಮ ಗುರುವಿನ ರಕ್ತ ಎಷ್ಟು ಬಟ್ಟಲು ಅಂತಾನಾ?”

“ದಾರಿ ಬಿಡಣ್ಣ.”

“ಅಣ್ಣ ಅನ್ಬೇಡ. ನಿನ್ನಣ್ಣ ಅಲ್ಲಿ ಲಾಕಪ್ಪಲ್ಲಿದಾನೆ.” ಅವನು ಅವಳ ಮುಂಗೈ ಹಿಡಿದು ಬಾಗಿಲ ಚೌಕಟ್ಟಿಗೆ ಅಪ್ಪಳಿಸಿದ. ಗೆಣ್ಣಿನ ಚರ್ಮ ಸುಲಿದು ರಕ್ತ ಬಂತು. “ಅವನು ಹೊರಗೆ ಬಂದ ದಿನ ಇದೇ ಕೊಕ್ಕೇಲಿ ಅವನ ಕರುಳು ಎಳೀತೀನಿ. ಹೋಗಿ ಬರ್ಕೋ.”

ಅವಳು ಅಳಲಿಲ್ಲ. ಕೈಯನ್ನು ಲಂಗಕ್ಕೆ ಒರೆಸಿಕೊಂಡು ಒಳಗೆ ಹೋದಳು. ಅವನು ಹಿಂದೆಯೇ ಬಂದದ್ದು ಅವಳಿಗೆ ತಿಳಿಯಲಿಲ್ಲ.

ಒಳಗೆ ದೀಪ ಹಾಕಿರಲಿಲ್ಲ. ಸೂರಿನ ತಗಡಿನ ಸಂದಿಯಿಂದ ಬಿಸಿಲು ಕೋಲುಕೋಲಾಗಿ ಇಳಿದಿತ್ತು. ಮುರಿದ ಮೇಜುಗಳು, ಒಡೆದ ಮದ್ಯದ ಗಡಿಗೆಗಳು, ನೆಲದಲ್ಲಿ ಕಪ್ಪಾದ ಕಲೆ.

“ಗುರುಗಳೇ,” ಎಂದಳು ಮೆಲ್ಲಗೆ.

ಗಾಳಿ ಸುಯ್ಯೆಂದಿತು. ಎದೆಗವಚಿಕೊಂಡಿದ್ದ ನೋಟ್‌ಬುಕ್ಕಿನ ರಟ್ಟು ಅಡ್ಡಡ್ಡ ಸೀಳಿ ಕೆಳಗೆ ಬಿತ್ತು. ಕತ್ತಿಯ ಮೊನೆ ಅವಳ ಗಂಟಲ ಗುಳಿಯಲ್ಲಿ ಬಂದು ನಿಂತಿತು. ಉಕ್ಕಿನ ಕತ್ತಿ.

“ನಿನ್ನ ವಯಸ್ಸೆಷ್ಟು?” ಎಂದರು ಕ್ವಾನ್.

“ಇ... ಇಪ್ಪತ್ತನಾಲ್ಕು.”

“ಅಪ್ಪ?”

“ಶಾಮ್ ಶುಯ್ ಪೋದಲ್ಲಿ ಬಟ್ಟೆ ಕಾರ್ಖಾನೆ. ಗುರುಗಳೇ, ನಿಮಗೆ ಗೊತ್ತಿದೆ. ಹೊಸ ವರ್ಷಕ್ಕೆ ನಮ್ಮನೆಗೆ ಬಂದು ಅಪ್ಪನ ಜೊತೆ ಬಾತುಕೋಳಿ ತಿಂದಿದ್ರಲ್ಲ.”

ಮೊನೆ ಇಳಿಯಿತು. ಐವತ್ತೆಂಟರ ಆ ಮನುಷ್ಯ ಎರಡು ದಿನದಿಂದ ಕಣ್ಣು ಮುಚ್ಚಿದಂತಿರಲಿಲ್ಲ. “ಹೌದು. ತಿಂದಿದ್ದೆ. ಬೆಂದಿರಲಿಲ್ಲ,” ಎಂದು ಮಗುಚಿದ್ದ ಮೇಜಿನ ಮೇಲೆ ಕೂತರು.

ಸುಕ್‌ಕಾಮ್ ಈ ಮನುಷ್ಯನ ಚಿತ್ರಗಳನ್ನು ನೋಡಿಯೇ ಬೆಳೆದವಳು. ಒಂಬತ್ತನೆಯ ವಯಸ್ಸಿಗೆ ನಾಟಕದ ಕಂಪನಿಗೆ ಮಾರಾಟವಾಗಿ, ಬೆತ್ತದೇಟು ತಿಂದು ಲಾಗ ಕಲಿತವರು. ಒಂದೇ ಚಿತ್ರದಲ್ಲಿ ಬೇರೆ ಬೇರೆ ಗಡ್ಡ ಅಂಟಿಸಿಕೊಂಡು ಹದಿನೇಳು ಸಲ ಸತ್ತವರು. ಮೊದಲ ಚಿತ್ರಕಥೆಯನ್ನು ಅಗಸನ ಚೀಟಿಗಳ ಬೆನ್ನ ಮೇಲೆ ಬರೆದವರು. ಅಲ್ಲಿಂದ ನಲವತ್ತೆರಡು ಚಿತ್ರ. ಇವತ್ತಿಗೂ ಬೆಳಿಗ್ಗೆ ಬರೆಯುತ್ತಾರೆ, ಮಧ್ಯಾಹ್ನ ತೆಗೆಯುತ್ತಾರೆ. ಊಟದ ಹೊತ್ತಿನವರೆಗೆ ಯಾರು ಸಾಯುತ್ತಾರೆಂದು ಅವರಿಗೇ ತಿಳಿದಿರುವುದಿಲ್ಲ. ಈಗ ಜನಕ್ಕೆ ಕತ್ತಿ ಬೇಡ, ಬರಿಗೈ ಗುದ್ದು ಬೇಕು. ಇದು ಅವರ ಕೊನೆಯ ಚಿತ್ರ ಎಂದು ಕ್ಯಾಂಟೀನಿನಲ್ಲಿ ಎಲ್ಲರೂ ಹೇಳುತ್ತಿದ್ದರು. ಟಾಂಗ್ ಸಾಹಸದ ಹುಡುಗರನ್ನೆಲ್ಲ ಕರೆದುಕೊಂಡು ಬೇರೆ ಕಂಪನಿಗೆ ಹೊರಟಿದ್ದನಂತೆ, ತಾನೇ ನಿರ್ದೇಶಕನಾಗಲು.

ಟಾಂಗ್‌ನನ್ನು ಕೊಲ್ಲಲು ಇಷ್ಟೆಲ್ಲ ಕಾರಣವಿರುವ ಮನುಷ್ಯನ ಎದುರು ಅವಳು ಒಬ್ಬಳೇ ನಿಂತಿದ್ದಳು.

“ಟಾಂಗ್ ನಡುವಿನಲ್ಲಿದ್ದ ಲಕೋಟೆ ನೀವು ತಗೊಂಡ್ರಿ,” ಎಂದಳು. “ಕೊಡಿ. ನಾಲ್ಕು ಗಂಟೆಗೆ ಅಣ್ಣನ್ನ ಕರ್ಕೊಂಡು ಹೋಗ್ತಾರೆ.”

ನಿರಾಕರಿಸುತ್ತಾರೆಂದು ಎಣಿಸಿದ್ದಳು. ಕ್ವಾನ್ ಒಳಜೇಬಿಗೆ ಕೈ ಹಾಕಿ, ಒಂದಲ್ಲ, ಎರಡು ಲಕೋಟೆ ತೆಗೆದು ತೊಡೆಯ ಮೇಲಿಟ್ಟುಕೊಂಡರು. ಎರಡೂ ಹಳೆಯವು, ಮಾಸಿ ಇಟ್ಟಿಗೆಯ ಬಣ್ಣಕ್ಕೆ ತಿರುಗಿದ್ದವು. ಒಂದರ ಅಂಚಿಗೆ ಕಪ್ಪು ರಕ್ತ.

“ಓದು.”

ಕುಂಚದ ಅಕ್ಷರ ಕ್ವಾನ್ ಅವರದೇ. ಲಕೋಟೆಯ ಮೇಲೆ ಅವರು ಎಂದೂ ನಟನ ಹೆಸರು ಬರೆಯುತ್ತಿರಲಿಲ್ಲ, ಪಾತ್ರದ ಹೆಸರು ಬರೆಯುತ್ತಿದ್ದರು. ಸಾವು ಪಾತ್ರಕ್ಕೆ ಅಂಟಿಕೊಂಡು ಅಲ್ಲೇ ಉಳಿಯಲಿ ಎಂದು. ರಕ್ತದ ಕಲೆಯಿದ್ದದ್ದರ ಮೇಲೆ ‘ಮೊದಲನೆಯ ಕಾವಲುಗಾರ’ ಎಂದಿತ್ತು. ಇನ್ನೊಂದರ ಮೇಲೆ, ‘ಎರಡನೆಯ ಕಾವಲುಗಾರ’.

“ನಮ್ಮ ಚಿತ್ರದಲ್ಲಿ ಕಾವಲುಗಾರರೇ ಇಲ್ವಲ್ಲ,” ಎಂದಳು.

“ಇದರಲ್ಲಿಲ್ಲ. ಹತ್ತೊಂಬತ್ತು ವರ್ಷದ ಹಿಂದೆ, ನನ್ನ ಎರಡನೇ ಚಿತ್ರದಲ್ಲಿದ್ರು. ಸೇತುವೆ ಮೇಲೆ ಮೂರು ಜನ ಕಾವಲುಗಾರರು ಸಾಯ್ಬೇಕು. ಮೂರೂ ಒಬ್ನೇ ಮಾಡ್ತಿದ್ದ. ಚಿಯು ಮಾನ್‌ಫಾಯ್ ಅಂತ ಹುಡುಗ. ಮೀಸೆ ಬದಲಿಸ್ಕೊಂಡು ಮೂರ್ಸಲ ಬೀಳೋನು. ಮೂರು ಲಕೋಟೆ ಬರೆದಿಟ್ಟಿದ್ದೆ.” ಕ್ವಾನ್ ಸೂರಿನಿಂದ ಇಳಿದ ಬಿಸಿಲಿನತ್ತ ನೋಡಿದರು. “ಬಿಸಿಲು ಇಳೀತಿತ್ತು. ಬೆಳಕು ಹೋಗುತ್ತೆ ಅಂತ ಅವಸರ. ಲಕೋಟೆ ಕೊಡ್ಲಿಲ್ಲ. ಹಗ್ಗ ನೋಡೋಕೂ ಬಿಡ್ಲಿಲ್ಲ. ಹಗ್ಗ ಹರಿದು ಕೆಳಗಿದ್ದ ಬಿದಿರಿನ ಗೂಟದ ಮೇಲೆ ಬಿದ್ದ. ಗೂಟ ಇಲ್ಲಿ ಹೊಕ್ಕು ಇಲ್ಲಿ ಬಂತು. ಅರ್ಧ ಗಂಟೆ ಬದುಕಿದ್ದ. ಸಿಹಿ ಕೇಳ್ತಿದ್ದ, ಗೊತ್ತಾ? ಎಳ್ಳಿನ ಉಂಡೆ.”

ಅವರು ತಮ್ಮ ಪಕ್ಕೆಲುಬಿನ ಕೆಳಗೆ ಬೆರಳಿಟ್ಟು ತೋರಿಸಿದ ಜಾಗ ಟಾಂಗ್‌ಗೆ ಕತ್ತಿ ಹೊಕ್ಕ ಜಾಗವೇ ಆಗಿತ್ತು.

“ವಿಚಾರಣೆಯಲ್ಲಿ ಅವನು ಕುಡಿದಿದ್ದ ಅಂದೆ. ಟಾಂಗ್ ಸಾಕ್ಷಿ ಹೇಳ್ದ, ಹೌದು ಕುಡಿದಿದ್ದ ಅಂತ. ಆ ಹುಡುಗ ಒಂದು ತೊಟ್ಟು ಮುಟ್ಟೋನಲ್ಲ. ಆಮೇಲೆ ಮೂರು ಲಕೋಟೆಯನ್ನೂ ಅವನ ಹೆಂಡತಿ ಕೈಗೆ ಕೊಟ್ಟೆ. ಅವಳು ತಗೊಂಡು, ನಮಸ್ಕಾರ ಮಾಡಿ, ಒಂದು ಮಾತೂ ಆಡದೆ ಹೋದ್ಳು. ಅವಳು ಸತ್ತು ಎಂಟು ವರ್ಷ.”

“ಮಕ್ಕಳು?”

“ಒಬ್ಬಳು ಹುಡುಗಿ. ಆವಾಗ ಐದು ವರ್ಷ.”

ಐದು, ಹತ್ತೊಂಬತ್ತು. ಸುಕ್‌ಕಾಮ್ ತನ್ನ ಗಂಟಲನ್ನು ಮುಟ್ಟಿ ನೋಡಿಕೊಂಡಳು. ವಯಸ್ಸು ಯಾಕೆ ಕೇಳಿದರೆಂದು ಈಗ ಅರ್ಥವಾಯಿತು.

“ಎರಡನೇದು ಇವತ್ತು ಬೆಳಿಗ್ಗೆ ನಾನು ಬರೆದ ಹಾಳೆಗಳ ಮಧ್ಯೆ ಇತ್ತು,” ಎಂದರು ಕ್ವಾನ್. “ನನಗೆ. ಅದಕ್ಕೇ ಇಲ್ಲಿ ಕೂತಿದೀನಿ. ಬರಲಿ ಅಂತ.”

“ಹಾಗಾದ್ರೆ ಇನ್ನೂ ಒಳ್ಳೇದಾಯ್ತು! ಮೋಕ್ ಸಾರ್‌ಗೆ ಎರಡೂ ಕೊಟ್ಟು, ಈಗ ಹೇಳಿದ್ದನ್ನೇ ಹೇಳಿ.”

“ಹೇಳ್ತೀನಿ. ಚಿತ್ರ ಮುಗೀಲಿ.” ಅವರು ಅವಳ ಕಣ್ಣು ತಪ್ಪಿಸಿದರು. “ಎರಡೇ ದೃಶ್ಯ ಉಳಿದಿವೆ. ಇವತ್ತು ಹೇಳಿದ್ರೆ ನಾಳೆ ಬೀಗ ಜಡೀತಾರೆ. ಕ್ವಾನ್ ಸೆಕ್‌ಲಾಮ್ ಹುಡುಗನ್ನ ಕೊಂದು ಕುಡುಕ ಅಂತ ಹೆಸರಿಟ್ಟ ಅಂತಾರೆ. ನಲವತ್ತೆರಡು ಚಿತ್ರದಲ್ಲಿ ಒಂದೂ ಉಳಿಯಲ್ಲ. ಹತ್ತು ದಿನ ಕೊಡು. ಲಾಕಪ್ಪಲ್ಲಿ ಹತ್ತು ದಿನಕ್ಕೆ ಯಾರೂ ಸಾಯಲ್ಲ.”

ಸುಕ್‌ಕಾಮ್‌ಳೊಳಗೆ ಏನೋ ಕಳಚಿತು. “ಬೆಳಕು ಹೋಗುತ್ತೆ ಅಂತ ಅವತ್ತೂ ಹೀಗೇ ಅಂದ್ರಲ್ಲ?”

ಕ್ವಾನ್ ಮುಖ ಎತ್ತಿದರು. ಅವಳು ಮೊದಲ ಸಲ ಆ ಮುಖವನ್ನು ನೇರವಾಗಿ ನೋಡಿದಳು. ನೋಡುತ್ತಲೇ ಕೈ ಚಾಚಿ ಲಕೋಟೆ ಹಿಡಿದಳು. ಅವರು ಬಿಡಲಿಲ್ಲ.

ಅಷ್ಟರಲ್ಲಿ ಕತ್ತಲ ಮೂಲೆಯಿಂದ ಕೊಕ್ಕೆ ಬಂತು.

“ನಮ್ಮ ಗುರೂನ ಹೆಣ ತಡಕಿ ಕದ್ದೆಯಾ, ಮುದುಕಾ!” ಲೋ ಕಿಟ್ ಎಲ್ಲವನ್ನೂ ಕೇಳಿದ್ದ, ಅರ್ಧವನ್ನಷ್ಟೇ ತಲೆಗೆ ಹಾಕಿಕೊಂಡಿದ್ದ. ಕೊಕ್ಕೆ ಕ್ವಾನ್ ಅವರ ನೆತ್ತಿಯ ಚರ್ಮವನ್ನು ಕಿವಿಯವರೆಗೆ ಸೀಳಿತು. ರಕ್ತ ಕಣ್ಣಿಗಿಳಿಯಿತು. ಇದು ಸಕ್ಕರೆ ಪಾಕದ ನಕಲಿ ರಕ್ತವಲ್ಲ.

ಕ್ವಾನ್ ಕತ್ತಿಗೆ ಕೈ ಹಾಕಲಿಲ್ಲ. ಎರಡನೆಯ ಬೀಸು ಬಂದಾಗ ಕೋಲಿನ ಒಳಗಡೆಗೆ ನುಗ್ಗಿ, ಮೊಣಕೈಯನ್ನು ಅವನ ಗಂಟಲಿಗೆ ಇಕ್ಕಿದರು. ಲೋ ಕಿಟ್ ಕೆಮ್ಮುತ್ತ ಹಿಂದೆ ಸರಿದ. ಸರಿದವನೇ ಅವರ ಹೊಟ್ಟೆಗೆ ಒದ್ದ. ಇಬ್ಬರೂ ಮದ್ಯದ ಗಡಿಗೆಗಳ ಮೇಲೆ ಬಿದ್ದರು. ಒಡಕು ಚೂರುಗಳು ಬೆನ್ನಿಗೆ ಹೊಕ್ಕವು. ಲೋ ಕಿಟ್ ಮೇಲೇರಿ ಗುದ್ದಿದ. ಒಂದು, ಎರಡು, ಮೂರು. ಕ್ವಾನ್ ಅವರ ಮುಂದಿನ ಹಲ್ಲು ನೆಲದಲ್ಲಿ ಟಣ್ಣೆಂದಿತು.

“ಬಿಡು! ಸಾಯ್ತಾರೆ!” ಎಂದು ಸುಕ್‌ಕಾಮ್ ಅವನ ಕೂದಲು ಹಿಡಿದು ಜಗ್ಗಿದಳು. ಅವನು ಮೊಣಕೈಯಿಂದ ತಳ್ಳಿದ ರಭಸಕ್ಕೆ ಅವಳು ಮೇಜಿನ ಕಾಲಿಗೆ ಹೋಗಿ ಬಿದ್ದಳು.

ನಾಲ್ಕನೆಯ ಗುದ್ದಿಗಾಗಿ ಅವನು ಕೈ ಎತ್ತಿದಾಗ ಕ್ವಾನ್ ಆ ಮಣಿಕಟ್ಟನ್ನು ಹಿಡಿದು, ಸೊಂಟ ತಿರುಗಿಸಿ, ತೋಳನ್ನು ತಮ್ಮ ಮೊಣಕಾಲಿನ ಮೇಲೆ ಹಾಕಿ ಒತ್ತಿದರು. ಒಣಕಡ್ಡಿ ಮುರಿದಂತೆ ಸದ್ದಾಯಿತು. ಮೂಳೆಯ ಮೊನೆ ಚರ್ಮದ ಹೊರಗೆ ಬಿಳಿಯಾಗಿ ಕಂಡಿತು. ಲೋ ಕಿಟ್‌ನ ಚೀರಾಟಕ್ಕೆ ಸೂರಿನ ಪಾರಿವಾಳಗಳು ಹಾರಿದವು.

“ಎಡಗೈ ಕೆಳಗಿಟ್ಟು ಬಲಗೈ ಎತ್ತಬೇಡ ಅಂತ,” ಕ್ವಾನ್ ರಕ್ತ ಉಗುಳಿದರು, “ಟಾಂಗ್ ನಿನಗೆ ಹೇಳಿಕೊಟ್ಟಿರಲಿಲ್ವೇನೋ, ಕತ್ತೆ?”

ಲೋ ಕಿಟ್ ಮುರಿದ ತೋಳು ಅವಚಿಕೊಂಡು ಮಗುವಿನಂತೆ ಅಳುತ್ತಿದ್ದ. “ಹೇಳಿದ್ರು. ದಿನಾ ಹೇಳ್ತಿದ್ರು.”

ಕ್ವಾನ್ ಅವನ ಸೂತಕದ ಪಟ್ಟಿಯನ್ನೇ ಬಿಚ್ಚಿ, ತೋಳನ್ನು ಅವನ ಎದೆಗೆ ಸೇರಿಸಿ ಕಟ್ಟಿದರು. ಆಮೇಲೆ ಲಕೋಟೆಗಳನ್ನು ನೆಲದಿಂದ ಹೆಕ್ಕಿ ಸುಕ್‌ಕಾಮ್‌ಳ ಕಡೆ ಚಾಚಿದರು. ಅವರ ಬೆರಳಿನ ರಕ್ತ ಹಳೆಯ ಕಾಗದಕ್ಕೆ ಹತ್ತಿತು.

“ತಗೊಂಡು ಹೋಗು. ನಾನೂ ಬರ್ತೀನಿ. ನಾನು ಹೇಳದೆ ಇದ್ರೆ ಇವು ಬರೀ ಕಾಗದ.” ಹಲ್ಲಿಲ್ಲದ ಜಾಗವನ್ನು ನಾಲಿಗೆಯಿಂದ ತಡವಿದರು. “ಮಾನ್‌ಫಾಯ್ ಕೇಳಿದ್ದು ಒಂದು ಎಳ್ಳುಂಡೆ. ಅದನ್ನೂ ಕೊಡಲಿಲ್ಲ ನೋಡು.”

ಗಂಟೆ ಮೂರು ಹೊಡೆಯಲು ಐದು ನಿಮಿಷ. ಠಾಣೆಗೆ ಅರ್ಧ ಗಂಟೆಯ ದಾರಿ. ಸುಕ್‌ಕಾಮ್ ಬಾಗಿಲ ಪಕ್ಕದ ಗೋಡೆಯ ಫೋನಿಗೆ ಓಡಿದಳು. ಸುಲಿದ ಗೆಣ್ಣುಗಳಿಂದ ಸಂಖ್ಯೆ ತಿರುಗಿಸುವಾಗ, ಎರಡು ದಿನದಲ್ಲಿ ಮೊದಲ ಬಾರಿ ಅವಳಿಗೆ ನಗು ಬಂತು. ಅಣ್ಣ ಬರುತ್ತಾನೆ. ಇವತ್ತೇ ಬರುತ್ತಾನೆ.

“ಮೋಕ್ ಸಾರ್! ಲಕೋಟೆ ಸಿಕ್ತು. ಒಂದಲ್ಲ, ಎರಡು. ಕ್ವಾನ್ ಗುರುಗಳೂ ಬರ್ತಿದಾರೆ, ಎಲ್ಲ ಹೇಳ್ತಾರೆ. ಅಣ್ಣನ್ನ ಕರ್ಕೊಂಡು ಹೋಗ್ಬೇಡಿ!”

“ಸಾವಕಾಶ, ಸಾವಕಾಶ,” ಎಂದ ಮೋಕ್. ಅವನ ದನಿಯಲ್ಲೂ ನಗುವಿತ್ತು. “ಎಲ್ಲೂ ಕರ್ಕೊಂಡು ಹೋಗ್ತಿಲ್ಲ. ನಿನ್ನಣ್ಣ ಆರಾಮಾಗಿ ಊಟ ಮಾಡ್ತಿದಾನೆ. ನನ್ನ ಹಿಂದೆಯೇ ಬಂದು ನೀನು ತಂದುಕೊಟ್ಟು ಹೋದೆಯಲ್ಲ, ಬಾತುಕೋಳಿ, ಅನ್ನ. ಎರಡು ದಿನದಿಂದ ನೀರೂ ಮುಟ್ಟದೋನು, ತಂಗಿ ಕಳ್ಸಿದ್ದು ಅಂದ ಕೂಡ್ಲೇ ಬಾಚ್ಕೊಂಡು ತಿಂತಿದಾನೆ.”

ಸುಕ್‌ಕಾಮ್ ಗೋಡೆಗೆ ಕೈ ಊರಿದಳು.

“ನಾನು ಬಂದಿಲ್ಲ, ಸಾರ್.”

“ಹಾಂ? ನಾನು ಮೇಲಿದ್ದೆ. ಕೆಳಗೆ ಪೊಲೀಸಿನವನು ಇಸ್ಕೊಂಡಿದಾನೆ. ಯಿಪ್ ಸುಕ್‌ಕಾಮ್ ಅಂತ ಸಹಿ ಇದೆಯಲ್ಲಮ್ಮ. ನಿನ್ನಷ್ಟೇ ವಯಸ್ಸಿನ ಹುಡುಗಿಯಂತೆ, ತಲೆ ಎತ್ತದೆ ಮಾತಾಡಿದ್ಳಂತೆ. ನೀನೇ ಅಂದ್ಕೊಂಡೆ.” ಕಾಗದ ಸರಿಸಿದ ಸದ್ದು. “ಆಮೇಲೆ ಕೇಳ್ಬೇಕಂತಿದ್ದೆ. ಡಬ್ಬಿ ಕೆಳಗೆ ಇನ್ನೊಂದು ಹಳೇ ಕೆಂಪು ಲಕೋಟೆ ಇಟ್ಟಿದೀಯಲ್ಲ, ಅದರ ಮೇಲೆ ‘ಮೂರನೆಯ ಕಾವಲುಗಾರ’ ಅಂತ ಬರ್ದಿದೆ. ಏನಮ್ಮಾ ಹಾಗಂದ್ರೆ?”

ಅವಳು ಉತ್ತರಿಸುವ ಮೊದಲೇ, ಫೋನಿನ ಆ ತುದಿಯಲ್ಲಿ, ಉದ್ದದ ಪಡಸಾಲೆಯ ಆಚೆಯಿಂದ, ತಗಡಿನ ಊಟದ ಡಬ್ಬಿಯೊಂದು ಕಲ್ಲಿನ ನೆಲಕ್ಕೆ ಬಿದ್ದ ಸದ್ದು ಕೇಳಿಸಿತು.